ಕೋಲಾರದ ಅಂಗಳದಲ್ಲಿ ‘ಸಂಸ್ಕಾರ’

ಅಂತರಗಂಗೆಯಲ್ಲಿ ಬಸವನ ಬಾಯಿಂದ ಬೀಳುವ ನೀರನ್ನೂ ಸೋಮೇಶ್ವರ ದೇವಾಲಯದ ಕಂಬಗಳನ್ನೂ ನೋಡಲೆಂದು ಎರಡು ದಿನ ಕೋಲಾರದಲ್ಲಿದ್ದೆ. ಅಲ್ಲಿನ ಕಲ್ಯಾಣ ಮಂಟಪದ ಕೆತ್ತನೆಯನ್ನು ಎಷ್ಟು ನೋಡಿದರೂ ಸಾಲದು. ಬೆಟ್ಟದ ಮೆಟ್ಟಿಲು ಹತ್ತುವವರು ಮಾತ್ರ ಕೈಯಲ್ಲಿ ಚೀಲ ಹಿಡಿಯಬಾರದು. ಕೋತಿಯೊಂದು ನನ್ನ ಚೀಲವನ್ನು ಕಸಿದುಕೊಂಡು, ಬಾಳೆಹಣ್ಣಿಗಾಗಿ ಹುಡುಕುತ್ತ ಟಿಪ್ಪಣಿ ಪುಸ್ತಕವನ್ನು ಹರಿದುಹಾಕಿದ ಸಂಕಟ ಇನ್ನೂ ಹೋಗಿಲ್ಲ.

ಆದರೆ ಇದನ್ನು ಬರೆಯಲು ಕಾರಣ ಶನಿವಾರದ ರಾತ್ರಿ. ನಾನು ಉಳಿದುಕೊಂಡಿದ್ದ ನಿವೃತ್ತ ಮೇಷ್ಟ್ರ ಮನೆಯ ಅಂಗಳದಲ್ಲಿ ಬಿಳಿ ಪಂಚೆ ಕಟ್ಟಿ, 1970ರ ‘ಸಂಸ್ಕಾರ’ ಚಿತ್ರವನ್ನು ತೋರಿಸಿದರು. ಅನಂತಮೂರ್ತಿಯವರ ಕಾದಂಬರಿಗೆ ಗಿರೀಶ ಕಾರ್ನಾಡರು ಚಿತ್ರಕಥೆ ಬರೆದು, ಪ್ರಾಣೇಶಾಚಾರ್ಯರಾಗಿ ತಾವೇ ನಟಿಸಿದ, ಪಟ್ಟಾಭಿರಾಮ ರೆಡ್ಡಿಯವರು ನಿರ್ದೇಶಿಸಿದ ಈ ಚಿತ್ರವನ್ನು ಮದರಾಸಿನ ಸೆನ್ಸಾರ್ ಮಂಡಳಿ ತಡೆಹಿಡಿದಿತ್ತು. ಅಗ್ರಹಾರದಲ್ಲಿ ಕೊಳೆಯುತ್ತಿರುವ, ಆಚಾರ ಬಿಟ್ಟ ಬ್ರಾಹ್ಮಣ ನಾರಣಪ್ಪನ ಹೆಣಕ್ಕೆ ಸಂಸ್ಕಾರ ಮಾಡುವವರು ಯಾರು ಎಂದು ಕೇಳಿದ ಚಿತ್ರಕ್ಕೇ ಬಾಗಿಲು ಮುಚ್ಚಿದ್ದು ಅಂದಿನವರ ಅಂಜಿಕೆಯೆಂದೇ ನನಗೆ ತೋರುತ್ತದೆ. ಕೇಂದ್ರ ಸರ್ಕಾರ ನಿಷೇಧ ತೆಗೆದ ಮೇಲೆ ಅದಕ್ಕೇ ದೇಶದ ಅತ್ಯುತ್ತಮ ಚಿತ್ರವೆಂದು ಸ್ವರ್ಣಕಮಲ ಬಂತು; ಕನ್ನಡಕ್ಕೆ ಅದು ಮೊದಲನೆಯದು. ಟಾಮ್ ಕೋವನ್ನರ ಕ್ಯಾಮೆರಾ ಮಲೆನಾಡಿನ ಆ ಬೀದಿಯನ್ನು ಕಪ್ಪು ಬಿಳುಪಿನಲ್ಲಿ ಹಿಡಿದಿರುವ ರೀತಿಗೆ ಇಂದಿನ ಬಣ್ಣದ ಚಿತ್ರಗಳು ಸಾಟಿಯಲ್ಲ.

ನಾರಣಪ್ಪನ ಜೊತೆ ಬಾಳಿದ್ದ ಚಂದ್ರಿ ಅವನ ಸಂಸ್ಕಾರಕ್ಕೆಂದು ತನ್ನ ಒಡವೆಗಳನ್ನೆಲ್ಲ ಬಿಚ್ಚಿ ಆಚಾರ್ಯರ ಮುಂದಿಟ್ಟಾಗ, ಜಗಲಿಯ ಕಂಬಕ್ಕೊರಗಿದ್ದ ಮೇಷ್ಟ್ರ ತಾಯಿ, ಎಂಬತ್ತು ದಾಟಿದವರು, ಬರಿದಾದ ತಮ್ಮ ಮಣಿಕಟ್ಟನ್ನು ಇನ್ನೊಂದು ಕೈಯಿಂದ ಸವರಿಕೊಂಡರು. ಚಿತ್ರ ಮುಗಿದ ಮೇಲೆ ಅವರು ಕೇಳಿದ್ದು ಒಂದೇ ಪ್ರಶ್ನೆ: “ಆಮೇಲೆ ಆಯಮ್ಮ ಏನಾದ್ಳಪ್ಪ?”

ಅವರು ಕೇಳಿದ್ದು ಚಂದ್ರಿಯ ಬಗ್ಗೆ, ಮೇಷ್ಟ್ರು ಹೇಳಿದ್ದು ಚಂದ್ರಿಯಾಗಿ ನಟಿಸಿದ ಸ್ನೇಹಲತಾ ರೆಡ್ಡಿಯವರ ಕಥೆಯನ್ನು. “ಜೈಲಿಗೆ ಹಾಕಿದ್ರಮ್ಮ. ಎಮರ್ಜೆನ್ಸಿ ಟೈಮಲ್ಲಿ, 1976ರಲ್ಲಿ.”

“ಏನ್ ತಪ್ಪು ಮಾಡಿದ್ಲು?”

“ತಪ್ಪು ಅಂತ ಕೋರ್ಟಲ್ಲಿ ಯಾರೂ ತೋರಿಸ್ಲಿಲ್ಲಮ್ಮ. ಆಯಮ್ಮನಿಗೆ ಉಬ್ಬಸ. ಎಂಟು ತಿಂಗಳು ಬೆಂಗಳೂರು ಜೈಲಲ್ಲಿಟ್ಟು, 1977ರ ಜನವರಿಯಲ್ಲಿ ಪೆರೋಲ್ ಮೇಲೆ ಬಿಟ್ರು. ಐದೇ ದಿನ. 20ನೇ ತಾರೀಕು ಹೋಗ್ಬಿಟ್ರು.”

ಅವರು ಬಹಳ ಹೊತ್ತು ಸುಮ್ಮನಿದ್ದರು. ಸೊಸೆ ಬಂದು ಪಂಚೆಯ ಗಂಟು ಬಿಚ್ಚಲು ಕೈ ಹಾಕಿದಾಗ, ಬೇಡವೆಂದು ತಡೆದು ಮಗನತ್ತ ತಿರುಗಿದರು.

“ಒಡವೆ ಬಿಚ್ಚಿ ಕೊಡ್ತಾಳಲ್ಲ, ಅದನ್ನ ಇನ್ನೊಂದ್ ಸಲ ಹಾಕಪ್ಪ.”