ಮುರಕಲ್ಲಿನ ಗೋಡೆಯ ಮೇಲೆ ಸೈಕಲ್

ಕಾಂಬೋಡಿಯಾದಿಂದ ಬಂದು ಮೂರು ವಾರವಾಯಿತು. ಉಡುಪಿಯಲ್ಲಿ ಸಿಕ್ಕವರೆಲ್ಲ ಕೇಳುವುದು ಒಂದೇ: ಮರದ ಬೇರು ತಬ್ಬಿಕೊಂಡಿರುವ ಆ ದೇವಸ್ಥಾನ ನೋಡಿದಿರಾ? ನೋಡಿದೆ. ಚೆನ್ನಾಗಿದೆ. ಆದರೆ ನನ್ನನ್ನು ಸೈಕಲ್ಲಿನಿಂದ ಇಳಿಸಿ ಕುಕ್ಕರಗಾಲಲ್ಲಿ ಕೂರಿಸಿದ್ದು ಬೇರಲ್ಲ, ಯಾರೂ ಫೋಟೋ ತೆಗೆಯದ ಒಂದು ಬೋಳು ಗೋಡೆ.

ಹೋದವರು ಮೂವರು: ನಾನು, ನನ್ನವಳು, ಬ್ರಹ್ಮಾವರದ ಭಾವ. ನಾನು ಭಾನುವಾರ ಬೆಳಿಗ್ಗೆ ಮಲ್ಪೆಗೆ ಹೋಗಿ, ಪಡುಕೆರೆ ಸೇತುವೆ ದಾಟಿ, ಕಡಲ ಬದಿಯಲ್ಲೇ ಒಂದಷ್ಟು ದೂರ ತುಳಿದು ಬರುವವನು. ನನ್ನವಳು ಕಾಲೇಜು ಬಿಟ್ಟ ಮೇಲೆ ಸೈಕಲ್ ಮುಟ್ಟಿದವಳಲ್ಲ. ಭಾವ ಮೊಳಕಾಲು ನೋವಿನವರು. ಆದರೂ ಅಂಕೋರ್ ದೇವಸ್ಥಾನಗಳ ಪಕ್ಕದ ಪೇಟೆ ಸಿಯೆಮ್ ರೀಪ್‌ನಲ್ಲಿ ಒಂದು ಇಡೀ ದಿನ ಸೈಕಲ್ಲಿನಲ್ಲೇ ತಿರುಗುವುದು ಎಂದು ನಾನು ಹಟ ಹಿಡಿದೆ. ಅಲ್ಲಿನ ನೆಲ ಗದ್ದೆಯ ಬಯಲಿನಂತೆ ಸಪಾಟು. ಮಣಿಪಾಲದ ಏರು ಹತ್ತಿ ಅಭ್ಯಾಸವಿದ್ದವನಿಗೆ ಅದು ಏನೂ ಅಲ್ಲ ಎಂದು ಜಂಭ ಕೊಚ್ಚಿದ್ದೆ. ಆ ಜಂಭ ಮಧ್ಯಾಹ್ನದವರೆಗೂ ಉಳಿಯಲಿಲ್ಲ.

ಬೆಳಿಗ್ಗೆ ಆರೂವರೆಗೆ ಗೈಡ್ ಬಂದ. ಮೂವತ್ತರ ಆಸುಪಾಸಿನ ಹುಡುಗ, ಸಣಕಲು, ಬೆನ್ನ ಮೇಲೆ ಪಂಕ್ಚರ್ ಸಾಮಾನಿನ ಚೀಲ. ಮೊದಲು ಟಿಕೆಟ್. ಒಂದು ದಿನಕ್ಕೆ ತಲೆಗೆ 37 ಡಾಲರ್. ಭಾವ ಮನಸ್ಸಿನಲ್ಲೇ ಗುಣಿಸಿ, ಒಂದು ಕ್ಷಣ ಕಣ್ಣು ಮುಚ್ಚಿದರು. ಅದರಲ್ಲಿ 2 ಡಾಲರ್ ಅಲ್ಲಿನ ಮಕ್ಕಳ ಆಸ್ಪತ್ರೆಗೆ ಹೋಗುತ್ತದೆ ಎಂದು ಗೈಡ್ ಹೇಳಿದ ಮೇಲೆ ಸ್ವಲ್ಪ ಸಮಾಧಾನವಾಯಿತು. ಟಿಕೆಟ್ಟಿನ ಮೇಲೆ ನಮ್ಮ ಫೋಟೋ ಬೇರೆ ಅಚ್ಚಾಗುತ್ತದೆ. ನಿದ್ದೆಗಣ್ಣಿನ ಆ ಮೂರು ಮುಖಗಳನ್ನು ನೋಡಿದರೆ ಯಾವ ದೇವಸ್ಥಾನದೊಳಗೂ ಬಿಡುವಂತಿರಲಿಲ್ಲ.

ಅಂಕೋರ್ ವಾಟ್‌ನ ಎದುರಿನಲ್ಲೇ ಹಾದು ಹೋದೆವು. ಹಿಂದಿನ ದಿನವೇ ಅದನ್ನು ನೋಡಿಯಾಗಿತ್ತು. ಅದರ ಬಗ್ಗೆ ಬರೆದವರು ಸಾಕಷ್ಟಿದ್ದಾರೆ. ಅಲ್ಲಿಂದ ಮುಂದೆ ಹಳೆಯ ಕೋಟೆಪಟ್ಟಣ ಅಂಕೋರ್ ಥೋಮ್‌ನ ದಕ್ಷಿಣದ ಬಾಗಿಲು. ಕಂದಕದ ಮೇಲಿನ ದಾರಿಯ ಎಡಕ್ಕೆ 54 ದೇವತೆಗಳು, ಬಲಕ್ಕೆ 54 ಅಸುರರು, ಎರಡೂ ಸಾಲಿನವರ ಕೈಯಲ್ಲಿ ಹಾವಿನ ಹಗ್ಗ. ಸಮುದ್ರ ಮಥನದ ನಡುವೆ ಬೆಲ್ ಬಾರಿಸುತ್ತ ಸೈಕಲ್ ಬಿಡುವುದು ಒಂದು ವಿಚಿತ್ರ ಅನುಭವ. ಬಾಗಿಲು ಇಕ್ಕಟ್ಟು. ಒಂದು ವ್ಯಾನು ನುಗ್ಗಿದರೆ ಉಳಿದವರು ಕಾಯಬೇಕು, ಥೇಟ್ ನಮ್ಮ ರಥಬೀದಿಯ ಹಾಗೆ. ತಲೆಯೆತ್ತಿದರೆ 23 ಮೀಟರ್ ಎತ್ತರದಲ್ಲಿ ನಾಲ್ಕು ದಿಕ್ಕಿಗೂ ನೋಡುವ ಮುಖ, ತುಟಿಯಂಚಿನಲ್ಲಿ ನಕ್ಕೂ ನಗದಂತಹ ಒಂದು ನಗು.

ಬಾಗಿಲು ದಾಟಿದ ಕೂಡಲೇ ಗೈಡ್ ಎಡಕ್ಕೆ ತಿರುಗಿ ಒಂದು ಮಣ್ಣಿನ ದಿಬ್ಬ ಹತ್ತಿಸಿದ. ಮೇಲೆ ಕಾಡಿನ ನಡುವೆ ಕಾಲುದಾರಿ, ತರಗೆಲೆ, ನೆರಳು. ನಾವು ನಿಂತದ್ದು ಕೋಟೆಗೋಡೆಯ ತಲೆಯ ಮೇಲೆ ಎಂದು ಅವನು ಹೇಳಿದ ಮೇಲೆಯೇ ತಿಳಿದದ್ದು. 8 ಮೀಟರ್ ಎತ್ತರದ ಗೋಡೆ. ಒಳಮಗ್ಗುಲಿಗೆ ಮಣ್ಣು ಪೇರಿಸಿ ಇಳಿಜಾರು ಮಾಡಿದ್ದಾರೆ. ಒಂದೊಂದು ಬದಿ 3 ಕಿಲೋಮೀಟರ್, ಸುತ್ತಿದರೆ 12. ಕೆಳಗೆ ಹೊರಗಡೆ ಕಂದಕದ ನೀರು, ಅದರಲ್ಲಿ ಎಮ್ಮೆ. ದಕ್ಷಿಣ ಬಾಗಿಲಿನಿಂದ ನೈಋತ್ಯದ ಮೂಲೆಯ ಪುಟ್ಟ ಗುಡಿಯವರೆಗೆ ಒಂದೂವರೆ ಕಿಲೋಮೀಟರ್. ನಮ್ಮನ್ನು ಬಿಟ್ಟರೆ ಇದ್ದದ್ದು ಕೀಟಗಳ ಕಿರ್‍ರ್ ಸದ್ದು ಮಾತ್ರ.

ಒಂದು ಕಡೆ ಮಣ್ಣು ಕುಸಿದು ಗೋಡೆಯ ಮೈ ಕಾಣುತ್ತಿತ್ತು. ಬ್ರೇಕ್ ಹಾಕಿದೆ. ತುಕ್ಕಿನ ಬಣ್ಣ, ಮೈಯೆಲ್ಲ ಜೇನುಗೂಡಿನ ಹಾಗೆ ತೂತು, ತೂತಿನೊಳಗೆ ಹಳದಿ ಮಣ್ಣು. ಹೆಬ್ಬೆರಳಲ್ಲಿ ಒತ್ತಿ ನೋಡಿದೆ. ಮೂಸಿಯೂ ನೋಡಿದೆ. ನನ್ನವಳು ಹಿಂದಿನಿಂದ ಬಂದು, "ಏನಾಯಿತು, ಸೈಕಲ್ ಹಾಳಾಯಿತೇ?" ಎಂದಳು.

"ಮುರಕಲ್ಲು" ಎಂದೆ.

ನಮ್ಮ ತಂದೆ ಹಿರಿಯಡಕದ ಕಡೆ ಕೋರೆಯಲ್ಲಿ ಕಲ್ಲು ಕಡಿಸಿ, ಗೋಡೆ ಕಟ್ಟಿಸುತ್ತಿದ್ದ ಮೇಸ್ತ್ರಿ. ಯಂತ್ರ ಬರುವ ಮೊದಲಿನ ಕಾಲ. ಶಾಲೆಗೆ ರಜೆ ಬಂದರೆ ನಾನೂ ಕೋರೆಯಲ್ಲೇ ಇರುತ್ತಿದ್ದೆ. ಪಿಕ್ಕಾಸಿನಲ್ಲಿ ಗೀರಿ, ಸುತ್ತ ಕಾಲುವೆಯಂತೆ ಕಡಿದು, ಅಡಿಗೆ ಪೆಟ್ಟು ಕೊಟ್ಟರೆ ಕಲ್ಲು ತುಂಡಾಗಿ ಮೇಲೇಳುತ್ತಿತ್ತು. ನೆಲದಿಂದ ಆಗಷ್ಟೇ ಎದ್ದ ಮುರಕಲ್ಲು ಮೆತ್ತಗೆ, ತೇವ. ಕೊಡಲಿಯಲ್ಲೇ ಕೆತ್ತಿ ಚೌಕ ಮಾಡಬಹುದು. ಗಾಳಿ ಬಿಸಿಲು ತಾಗುತ್ತ ಹೋದಂತೆ ಅದು ಬಿಗಿಯುತ್ತದೆ. ಮಳೆ ಸುರಿದು, ಬಿಸಿಲು ಕಾದು, ಮತ್ತೆ ಮಳೆ ಸುರಿದು, ಮಣ್ಣಿನೊಳಗಿನ ಕರಗುವುದೆಲ್ಲ ಕರಗಿ ಇಳಿದುಹೋದ ಮೇಲೆ ಉಳಿಯುವ ಕಬ್ಬಿಣ ಮತ್ತು ಅಲ್ಯೂಮಿನಿಯಮ್ಮಿನ ಕಲ್ಲು ಇದು. ಹಾಗಾಗಿ ನಮ್ಮಂತಹ ಮಳೆಯ ಸೀಮೆ ಎಲ್ಲಿದೆಯೋ ಅಲ್ಲಿ ಇದೂ ಇರಬಹುದು. ಫ್ರಾನ್ಸಿಸ್ ಬುಕಾನನ್ ಎಂಬ ಸ್ಕಾಟ್ಲೆಂಡಿನ ವೈದ್ಯ ಮಲಬಾರಿನ ಅಂಗಾಡಿಪುರಂ ಬಳಿ ಇದನ್ನು ಕಂಡು, 1807ರಲ್ಲಿ ಅಚ್ಚಾದ ತನ್ನ ಪ್ರವಾಸದ ಪುಸ್ತಕದಲ್ಲಿ ಲ್ಯಾಟರೈಟ್ ಎಂದು ಹೆಸರಿಟ್ಟ. ಲ್ಯಾಟಿನ್ ಭಾಷೆಯಲ್ಲಿ ಲೇಟರ್ ಎಂದರೆ ಇಟ್ಟಿಗೆ. ಇದೆಲ್ಲ ಪುಸ್ತಕದಿಂದ ತಿಳಿದದ್ದು. ಮೂಸಿದರೆ ಬರುವ ಹಸಿ ಕಬ್ಬಿಣದ ವಾಸನೆಯನ್ನು ತಿಳಿಯಲು ಪುಸ್ತಕ ಬೇಕಾಗಲಿಲ್ಲ.

ಖ್ಮೇರ್ ಭಾಷೆಯಲ್ಲಿ ಇದಕ್ಕೆ ಏನೆನ್ನುತ್ತೀರಿ ಎಂದು ಗೈಡನ್ನು ಕೇಳಿದೆ. ಥ್ಮ ಬಾಯ್ ಕ್ರಿಯೆಂ ಎಂದ. ಥ್ಮ ಎಂದರೆ ಕಲ್ಲು, ಬಾಯ್ ಎಂದರೆ ಅನ್ನ, ಕ್ರಿಯೆಂ ಎಂದರೆ ಒಣಗಿದ್ದು. ಒಣಗಿದ ಅನ್ನದ ಕಲ್ಲು! ಕುಚ್ಚಲಕ್ಕಿ ಅನ್ನದ ತಳ ಹತ್ತಿ, ಮರುದಿನ ಪಾತ್ರೆಗೆ ಅಂಟಿ ಕೂತ ಅಗುಳು ನೋಡಿದವರಿಗೆ ಈ ಹೆಸರಿನ ಅರ್ಥ ಬಿಡಿಸಿ ಹೇಳಬೇಕಾಗಿಲ್ಲ. ನಾನು ಮೂರು ಸಲ ಹೇಳಿಸಿ, ಮೊಬೈಲಿನಲ್ಲಿ ಬರೆದುಕೊಂಡೆ. ಅವನಿಗೆ ಆಶ್ಚರ್ಯ. ಅಷ್ಟು ವರ್ಷಗಳಲ್ಲಿ ಪ್ರವಾಸಿಗಳು ಅವನನ್ನು ಕೇಳುತ್ತಿದ್ದದ್ದು ಶೌಚಾಲಯ ಎಲ್ಲಿ, ಊಟ ಎಷ್ಟು ಹೊತ್ತಿಗೆ ಎಂದು ಮಾತ್ರವಂತೆ.

ಆಮೇಲೆ ಇಡೀ ದಿನ ನನ್ನ ಕಣ್ಣು ಕೆಳಗೇ. ಪಶ್ಚಿಮದ ಬಾಗಿಲಲ್ಲಿ ಗೋಡೆಯಿಂದ ಇಳಿದು, ಕೋಟೆಯ ನಡುವಿನ ದೇವಾಲಯ ಬಾಯೋನ್‌ಗೆ ಬಂದೆವು. ಎಲ್ಲರೂ ಗೋಪುರದ ಮುಖ ನೋಡುತ್ತಿದ್ದರೆ ನಾನು ಬುಡ ನೋಡುತ್ತಿದ್ದೆ. ಕೆತ್ತನೆಗೆಲ್ಲ ಮರಳುಗಲ್ಲು, ಕುಲೆನ್ ಬೆಟ್ಟದ ಕಡೆಯಿಂದ ತಂದದ್ದು. ಪಾಯಕ್ಕೆ, ಹೊರಗೋಡೆಗೆ, ಕಣ್ಣಿಗೆ ಬೀಳದ ಒಳಮೈಗೆ ಮುರಕಲ್ಲು. ನ್ಯಾಯವೇ ಸರಿ. ತೂತಿನ ಕಲ್ಲಿನಲ್ಲಿ ಮೂಗು ಕಣ್ಣು ಕೆತ್ತಲು ಬರುವುದಿಲ್ಲ, ನಾವೂ ಅದರ ಮೇಲೆ ಗಾರೆ ಬಳಿದೇ ಚೆಂದ ಮಾಡುವುದು.

ಬಾಯೋನ್‌ನ ಹೊರಗಿನ ಮೊಗಸಾಲೆಯ ದಕ್ಷಿಣದ ಗೋಡೆಯಲ್ಲಿ ಭಾವನಿಗೆ ಅವರ ಸ್ವರ್ಗ ಸಿಕ್ಕಿತು. ಅಲ್ಲಿ ರಾಜ ರಾಣಿಯರಿಗಿಂತ ಊರಿನವರೇ ಹೆಚ್ಚು: ಸಂತೆಯಲ್ಲಿ ಕೂತ ಹೆಂಗಸರು, ಅಡುಗೆ, ಮೀನು. ಅವುಗಳ ನಡುವೆ ಕೋಳಿ ಅಂಕ. ಎದುರುಬದುರು ಇಬ್ಬರು, ಅವರ ಕೈಯಲ್ಲಿ ಕತ್ತು ಚಾಚಿದ ಎರಡು ಹುಂಜಗಳು, ಹಿಂದೆ ಕೈ ಮುಂದೆ ಮಾಡಿ ಬಾಜಿ ಕಟ್ಟುವವರ ಗುಂಪು. ಭಾವ ಹತ್ತು ನಿಮಿಷ ಅಲುಗಲಿಲ್ಲ. "ಎಡಗಡೆಯ ಹುಂಜ ಗೆಲ್ಲುತ್ತದೆ ಭಾವ, ಅದರ ಎದೆ ನೋಡಿ" ಎಂದು ನನಗೆ ತೋರಿಸಿದರು. 12ನೇ ಶತಮಾನದ ಕೊನೆಯಲ್ಲಿ ಏಳನೇ ಜಯವರ್ಮನ ಕಟ್ಟಿಸಲು ತೊಡಗಿದ ದೇವಾಲಯದಲ್ಲಿ ಬ್ರಹ್ಮಾವರದವರೊಬ್ಬರು ಹುಂಜದ ಮೇಲೆ ಅಭಿಪ್ರಾಯ ಕೊಡುತ್ತಿದ್ದರು. ಗೈಡ್ ಬಲಗಡೆಯದ್ದು ಎಂದ. ಇತ್ಯರ್ಥವಾಗಲಿಲ್ಲ.

ಅಲ್ಲೇ ನಮ್ಮ ದೇಶದವರ ಒಂದು ದೊಡ್ಡ ಗುಂಪು. ಅದರ ನಾಯಕನಂತಿದ್ದವರು, "ಇದೆಲ್ಲ ನಮ್ಮವರೇ ಬಂದು ಕಟ್ಟಿದ್ದು" ಎಂದು ಗಟ್ಟಿಯಾಗಿ ಘೋಷಿಸುತ್ತಿದ್ದರು. ನಮ್ಮ ಗೈಡ್ ನೆಲ ನೋಡುತ್ತ ನಿಂತ. ನನಗೆ ಮೈ ಉರಿಯಿತು. ದೇವರ ಹೆಸರು ನಮ್ಮ ಕಡೆಯಿಂದ ಹೋಗಿದೆ, ಲಿಪಿಯ ಮೂಲ ತೆಂಕಣ ಭಾರತದ್ದು, ಸರಿ. ಆದರೆ ಆ ಕಲ್ಲನ್ನು ಕಡಿದವರು, ಹೊತ್ತವರು, ಒಂದರ ಮೇಲೊಂದು ಉಜ್ಜಿ ಕೂರಿಸಿದವರು ಅಲ್ಲಿಯ ಜನ. ಗೋಡೆಯಲ್ಲಿ ಕೆತ್ತಿದ ಮೀನು ಅವರ ಕೆರೆಯದ್ದು. ಕೋರೆಯಲ್ಲಿ ಒಂದು ವಾರ ಕಲ್ಲು ಹೊತ್ತಿದ್ದರೆ ಆ ಮನುಷ್ಯ ಅಷ್ಟು ಸಲೀಸಾಗಿ ಇನ್ನೊಬ್ಬರ ಬೆವರನ್ನು ತನ್ನ ಖಾತೆಗೆ ಹಾಕಿಕೊಳ್ಳುತ್ತಿರಲಿಲ್ಲ.

ಈ ಸಿಟ್ಟಿನಲ್ಲೇ ಸೈಕಲ್ ಹತ್ತಿದ್ದು ತಪ್ಪಾಯಿತು. ಕಾಂಬೋಡಿಯಾದಲ್ಲಿ ವಾಹನಗಳು ರಸ್ತೆಯ ಬಲಕ್ಕೆ ಹೋಗಬೇಕು. ಬೆಳಗ್ಗಿನಿಂದ ಗೈಡಿನ ಹಿಂದೆ ಹಿಂದೆ ಹೋಗುತ್ತಿದ್ದದ್ದರಿಂದ ಏನೂ ಆಗಿರಲಿಲ್ಲ. ಬೇರು ತಬ್ಬಿಕೊಂಡಿರುವ ಆ ದೇವಸ್ಥಾನ, ತಾ ಪ್ರೋಮ್‌ನ ದಾರಿಯಲ್ಲಿ ನೀರು ಕುಡಿಯಲು ನಿಂತು, ನಾನೇ ಮೊದಲು ಹೊರಟು, ಅಭ್ಯಾಸಬಲದಿಂದ ಎಡಕ್ಕೆ ಹಿಡಿದೆ. ಎದುರಿಗೆ ಪ್ರವಾಸಿಗಳ ರಿಕ್ಷಾ. ತಪ್ಪಿಸಲು ಹೋಗಿ ಮರಳಿಗೆ ಇಳಿಸಿದೆ, ಮುಂದಿನ ಚಕ್ರ ಹೂತು ಮಗುಚಿ ಬಿದ್ದೆ. ಮೊಳಕೈ ತರಚಿತು. ರಿಕ್ಷಾದವನೇ ಇಳಿದು ಬಂದು ಎಬ್ಬಿಸಿದ. ಗೈಡ್ ಚೀಲದಿಂದ ಮುಲಾಮು ತೆಗೆದ. ನನ್ನವಳು ಗಾಯ ನೋಡಿ, ಆಳವಿಲ್ಲ ಎಂದು ಖಾತ್ರಿ ಮಾಡಿಕೊಂಡು, "ಕಲ್ಸಂಕದಲ್ಲಿ ರಾಂಗ್ ಸೈಡಿನಲ್ಲಿ ಬರುವವರಿಗೆ ದಿನಾ ಬೈಯುವುದು ನೀವೇ ಅಲ್ಲವೇ?" ಎಂದಳು.

ತಾ ಪ್ರೋಮ್‌ನಲ್ಲಿ ಬೇರು ನೋಡಿದೆವು, ಜನ ನೋಡಿದೆವು, ನಮ್ಮ ಭಾರತೀಯ ಪುರಾತತ್ವ ಇಲಾಖೆ ಅಲ್ಲಿ ಜೀರ್ಣೋದ್ಧಾರದ ಕೆಲಸ ಮಾಡಿದೆ ಎಂಬ ಫಲಕವನ್ನೂ ನೋಡಿದೆವು. ಅಷ್ಟು ಸಾಕು.

ಊಟಕ್ಕೆ ಪ್ರೇಹ್ ಡಾಕ್ ಎಂಬ ಹಳ್ಳಿ. ಗದ್ದೆ ಕೊಯ್ಲು ಮುಗಿದು ಹುಲ್ಲಿನ ರಾಶಿ ಬಿದ್ದಿತ್ತು. ಕಂಬದ ಮೇಲೆ ನಿಂತ ಮನೆಗಳು, ಅವುಗಳ ಅಡಿಯ ನೆರಳಿನಲ್ಲಿ ತೂಗುವ ಜಾಳಿಗೆ, ಕೋಳಿ, ಸ್ಕೂಟರು, ಮಲಗಿದ ಅಜ್ಜ. ರಸ್ತೆ ಬದಿಯಲ್ಲಿ ಒಲೆ ಹೂಡಿ, ದೊಡ್ಡ ಬಾಣಲೆಯಲ್ಲಿ ತಾಳೆಮರದ ರಸ ಕಾಯಿಸುತ್ತಿದ್ದರು. ಅಲ್ಲಿಯೂ ಬಿದಿರಿನ ಏಣಿ ಕಟ್ಟಿ ಮರ ಹತ್ತುವ ಮೂರ್ತೆದಾರರೇ. ಬಿಸಿ ಬಿಸಿ ಓಲೆಬೆಲ್ಲವನ್ನು ಗರಿಯ ಬಳೆಯೊಳಗೆ ಹೊಯ್ದು ಬಿಲ್ಲೆ ಮಾಡುತ್ತಾರೆ. ಭಾವ ಒಂದು ಬಿಲ್ಲೆ ಬಾಯಿಗೆ ಹಾಕಿ, ಇನ್ನೊಂದನ್ನು ಕಿಸೆಗೆ ಹಾಕಿದರು.

ಗೈಡಿನ ಪರಿಚಯದ ಮನೆಯೊಂದರಲ್ಲಿ ನುಮ್ ಬಾನ್ ಚೋಕ್ ಮಾಡುತ್ತಿದ್ದರು. ಹೆಸರು ಏನೇ ಇರಲಿ, ನನ್ನವಳು ಬಾಗಿಲಲ್ಲೇ ನಿಂತು "ಸೇಮಿಗೆ!" ಎಂದಳು. ನೆನೆಸಿದ ಅಕ್ಕಿ ಅರೆದು, ಬಟ್ಟೆಯ ಚೀಲದಲ್ಲಿ ಕಟ್ಟಿ, ಮೇಲೆ ಕಲ್ಲು ಹೇರಿ ನೀರು ಬಸಿಯುತ್ತಾರೆ. ಆ ಮುದ್ದೆಯನ್ನು ಸ್ವಲ್ಪ ಬೇಯಿಸಿ, ಕಾಲಿನಿಂದ ತುಳಿಯುವ ಒನಕೆಯಲ್ಲಿ ಕುಟ್ಟಿ ಹದ ಮಾಡುತ್ತಾರೆ. ಕೊನೆಗೆ ತೂತಿನ ಡಬ್ಬಿಗೆ ತುಂಬಿ, ಉದ್ದದ ಮರದ ಸನ್ನೆಯ ಮೇಲೆ ಮೈಭಾರ ಹಾಕಿ ಒತ್ತಿದರೆ ಎಳೆಗಳು ನೇರ ಕುದಿಯುವ ನೀರಿಗೆ ಇಳಿಯುತ್ತವೆ. ನಾವು ಬೆಂದ ಉಂಡೆಯನ್ನು ಒತ್ತಿ ಹಾಗೆಯೇ ತಟ್ಟೆಗೆ ಇಳಿಸುತ್ತೇವೆ, ಅವರದ್ದು ನೀರಿಗೆ. ನನ್ನವಳಿಗೆ ಒಂದು ಸಲ ಒತ್ತಿ ನೋಡುವ ಆಸೆ. ಸನ್ನೆಗೆ ಜೋತುಬಿದ್ದಳು. ಅದು ಕೆಳಗಿಳಿಯುವ ಬದಲು ಅವಳೇ ಮೇಲಿದ್ದಳು. ಮನೆಯಾಕೆ ನಕ್ಕು ಬಂದು ಪಕ್ಕದಲ್ಲಿ ಕೂತ ಮೇಲೆ ಎಳೆ ಇಳಿಯಿತು. ಇಬ್ಬರಿಗೂ ಒಬ್ಬರ ಮಾತು ಇನ್ನೊಬ್ಬರಿಗೆ ತಿಳಿಯದು. ಆದರೂ ಕೈ ತೋರಿಸಿಕೊಂಡು ಅರ್ಧ ಗಂಟೆ ಮಾತಾಡಿದರು. ಮೇಲೆ ಹೊಯ್ದದ್ದು ತೆಂಗಿನಹಾಲು, ಅರಿಶಿನ, ಮಜ್ಜಿಗೆಹುಲ್ಲು ಹಾಕಿದ ಹೊಳೆಮೀನಿನ ಗಸಿ. ಜೊತೆಗೆ ಹಸಿ ಸೌತೆ, ಬಾಳೆಹೂವು. ರುಚಿಯಾಗಿತ್ತು. "ಹುಳಿ ಸಾಲದು, ಬಂಗುಡೆಯಾಗಿದ್ದರೆ..." ಎಂದು ಭಾವ ಎರಡನೇ ಬಟ್ಟಲು ಮುಗಿಸುತ್ತ ಹೇಳಿದರು.

ಸಂಜೆಗೆ ಪ್ರೇ ರೂಪ್. 10ನೇ ಶತಮಾನದಲ್ಲಿ ರಾಜೇಂದ್ರವರ್ಮನ ಕಟ್ಟಿಸಿದ ಶಿವಾಲಯ. ನಮ್ಮ ಬಾರ್ಕೂರು, ಉದ್ಯಾವರಗಳಲ್ಲಿ ಆಳುಪರ ಕಾಲ. ಮೇಲಿನ ಗೋಪುರಗಳು ಇಟ್ಟಿಗೆಯವು, ಕೆಲವೆಡೆ ಸುಣ್ಣದ ಗಾರೆ ಇನ್ನೂ ಅಂಟಿಕೊಂಡಿದೆ. ಸುತ್ತಿನ ಗೋಡೆ ಮುರಕಲ್ಲಿನದು, ಮುಳುಗುವ ಸೂರ್ಯನಿಗೆ ಕೆಂಡದ ಬಣ್ಣ. ಭಾವ ಮೆಟ್ಟಿಲಿನ ಕಡಿದಾದ ಏರು ನೋಡಿ ಕೆಳಗೇ ಕುಳಿತರು. ನಾನೂ ಕುಳಿತೆ. ಮೊಬೈಲಿನ ಲೆಕ್ಕಕ್ಕೆ 38 ಕಿಲೋಮೀಟರ್ ಆಗಿತ್ತು. ಮಣಿಪಾಲದ ಏರಿನ ಮಾತನ್ನು ಯಾರೂ ಎತ್ತಲಿಲ್ಲ. ಸೈಕಲ್ಲುಗಳನ್ನು ವ್ಯಾನಿಗೆ ಹೇರಿ ಸಿಯೆಮ್ ರೀಪ್‌ಗೆ ಮರಳಿದೆವು.

ಉಡುಪಿಗೆ ಬಂದ ಮರುದಿನ ತಂದೆಗೆ ಫೋಟೋ ತೋರಿಸಿದೆ. ಅವರಿಗೀಗ 81. ಅಂಕೋರ್ ವಾಟ್‌ನ ಗೋಪುರಗಳನ್ನು "ಹೂಂ" ಎಂದು ಬೆರಳಲ್ಲಿ ಸರಿಸಿದರು. ಬಾಯೋನ್‌ನ ಮುಖಗಳನ್ನೂ ಸರಿಸಿದರು. ಕೋಟೆಗೋಡೆ ಬಂದಾಗ ಬೆರಳು ನಿಂತಿತು. ಕನ್ನಡಕ ತರಿಸಿದರು. ಎರಡು ಬೆರಳಲ್ಲಿ ಹಿಗ್ಗಿಸುವುದನ್ನು ಮೊಮ್ಮಗಳು ಕಲಿಸಿದ್ದಾಳೆ. ಹಿಗ್ಗಿಸಿ, ಸಾಲು ಸಾಲಾಗಿ ಕೆಳಗಿನಿಂದ ಮೇಲಕ್ಕೆ ನೋಡಿದರು.

"ಗಾರೆ ಇಲ್ಲವಾ?"

"ಇಲ್ಲ. ಉಜ್ಜಿ ಉಜ್ಜಿ ಕೂರಿಸಿದ್ದಂತೆ."

"ಕಲ್ಲು ಒಳ್ಳೆಯದು. ಇಲ್ಲಿ ನೋಡು." ಅವರ ಉಗುರು ನಾಲ್ಕನೇ ಸಾಲಿನಿಂದ ಏಳನೇ ಸಾಲಿನವರೆಗೆ ನೆಟ್ಟಗೆ ಮೇಲೇರಿತು. "ಸಂದಿನ ಮೇಲೆ ಸಂದು. ಸಂದು ಮುರಿದು ಇಡಬೇಕೆಂದು ಇವನಿಗೆ ಯಾರೂ ಹೇಳಿಕೊಡಲಿಲ್ಲವಾ? ನನ್ನ ಹತ್ತಿರ ಇದ್ದಿದ್ದರೆ ಬಿಚ್ಚಿ ಪುನಃ ಕಟ್ಟಿಸುತ್ತಿದ್ದೆ."

"ಅಪ್ಪಾ, ಎಂಟುನೂರು ವರ್ಷ ನಿಂತಿದೆ."

ಅವರು ಫೋಟೋವನ್ನು ಇನ್ನಷ್ಟು ಹಿಗ್ಗಿಸಿದರು. "ಇದರ ಹಿಂದೆ ಮಣ್ಣು ಕೊಟ್ಟಿದ್ದಾರೆ ಅಂದೆಯಲ್ಲ? ಹಾಗೆ ಹೇಳು. ಇಲ್ಲದಿದ್ದರೆ ನಿಲ್ಲುತ್ತಿರಲಿಲ್ಲ."