ಒಂದು ಬಿದಿರು, ಹದಿನಾರು ಸೀಳು

25 ಜನವರಿ 2025, ಶನಿವಾರ
ಶ್ರೀಮಂಗಲ, ಕೊಡಗು

ಎಡಗೈ ಹೆಬ್ಬೆರಳಿಗೆ ಬಟ್ಟೆ ಸುತ್ತಿಕೊಂಡು ಬರೆಯುತ್ತಿದ್ದೇನೆ. ಬಿದಿರಿನ ಸಿಬಿರು ಹೊಕ್ಕಿತ್ತು. ಸೂಜಿಯಲ್ಲಿ ತೆಗೆದಾಯ್ತು, ಅರಿಸಿನ ಹಚ್ಚಿಯೂ ಆಯ್ತು. ಇವತ್ತಿನದನ್ನು ಇವತ್ತೇ ಬರೆದಿಡಬೇಕು ಅನ್ನಿಸಿತು. ಕೈ ಕಲಿತದ್ದನ್ನು ಕೈ ಬೇಗ ಮರೆಯುತ್ತದೆ.

ನಿನ್ನೆ ಸಂಜೆ ಗೋಣಿಕೊಪ್ಪ, ಪೊನ್ನಂಪೇಟೆ, ಹುದಿಕೇರಿ ದಾಟಿ ಇಲ್ಲಿಗೆ ಬಂದೆ. ತೋಟದ ಮನೆಯೊಂದರಲ್ಲಿ ಉಳಿದಿದ್ದೇನೆ. ರೋಬಸ್ಟಾ ಕೊಯ್ಲು ನಡೆಯುತ್ತಿದೆ. ಕಣದ ತುಂಬ ಕಾಫಿ ಹರಡಿದ್ದಾರೆ, ಬೆಳಿಗ್ಗೆ ಎದ್ದರೆ ಅದರ ಹುಳಿ ವಾಸನೆ. ದೂರದಲ್ಲಿ ಬ್ರಹ್ಮಗಿರಿ. ಜಾಗದ ಚೆಂದದ ಬಗ್ಗೆ ಬೇರೆ ದಿನ ಬರೆಯುತ್ತೇನೆ. ಇವತ್ತು ಬುಟ್ಟಿಯದ್ದೇ ಮಾತು.

ಈ ಮನೆಯವರು ಆಗಾಗ ಒಂದು ದಿನದ ಬುಟ್ಟಿ ಹೆಣೆಯುವ ಕಾರ್ಯಾಗಾರ ಇಟ್ಟುಕೊಳ್ಳುತ್ತಾರೆ. ನಾವು ಆರು ಜನ ಇದ್ದೆವು. ಕಲಿಸಲು ಬಂದವರು ಮೇದ ಸಮುದಾಯದ ಒಬ್ಬ ಅಜ್ಜ. ವಯಸ್ಸು ಎಪ್ಪತ್ತರ ಮೇಲೆ. ಜೊತೆಗೆ ಅವರ ಸೊಸೆ. ಅಂಗಳದಲ್ಲಿ ಚಾಪೆ ಹಾಸಿ, ಸೀಳಿ ನಯ ಮಾಡಿದ ಎಳೆಗಳನ್ನು ಒಬ್ಬೊಬ್ಬರಿಗೆ ಒಂದೊಂದು ಕಟ್ಟು ಅಂತ ಮೊದಲೇ ಜೋಡಿಸಿಟ್ಟಿದ್ದರು.

ಅದನ್ನು ನೋಡಿ ನನಗೆ ಹೆದರಿಕೆಯಾಯಿತು. ಕಾರಣ ಇದೆ. ಮೂರು ವರ್ಷದ ಹಿಂದೆ ಬೇರೊಂದು ಊರಲ್ಲಿ ಇಂಥದ್ದೇ ಕಾರ್ಯಾಗಾರಕ್ಕೆ ಹೋಗಿದ್ದೆ. ಅಲ್ಲಿ ಎಲ್ಲಾ ತಯಾರಾಗಿತ್ತು. ಎರಡು ಗಂಟೆಯಲ್ಲಿ ಬುಟ್ಟಿ ಆಯ್ತು, ಫೋಟೋ ಆಯ್ತು, ಮನೆಗೆ ಬಂದೆ. ಮನೆ ಹಿಂದೆ ಬಿದಿರಿನ ಹಿಂಡಿಲೇ ಇತ್ತು. ಒಂದು ಬಿದಿರು ಕಡಿದು ತಂದು ಕೂತೆ. ಎಲ್ಲಿಂದ ಶುರು ಮಾಡಬೇಕು ಅಂತಲೇ ತಿಳಿಯಲಿಲ್ಲ. ಹೆಣೆಯುವುದನ್ನಷ್ಟೇ ಕಲಿಸಿದರೆ ಯಾರೋ ಕಲಸಿಟ್ಟ ಹಿಟ್ಟಲ್ಲಿ ರೊಟ್ಟಿ ತಟ್ಟಿದ ಹಾಗೆ.

ಅದಕ್ಕೇ ಅಜ್ಜನ ಹತ್ತಿರ ಹೋಗಿ ಕೇಳಿದೆ. "ಅಜ್ಜ, ನಾನು ಇಡೀ ಬಿದಿರಿನಿಂದ ಶುರು ಮಾಡ್ಲಾ? ಬುಟ್ಟಿ ಮುಗೀದಿದ್ರೂ ಪರವಾಗಿಲ್ಲ."

ಅವರು ನನ್ನ ಕೈ ನೋಡಿದರು. "ಕತ್ತಿ ಹಿಡಿದು ಅಭ್ಯಾಸ ಉಂಟಾ ಅಮ್ಮ?"

"ಅಡಿಕೆ ಸುಲಿದಿದ್ದೀನಿ ಅಜ್ಜ. ತೀರ್ಥಹಳ್ಳಿ ಕಡೆಯವಳು."

"ಹಾಗಾದ್ರೆ ಬನ್ನಿ."

ಉಳಿದ ಐವರನ್ನು ಸೊಸೆ ನೋಡಿಕೊಂಡರು. ನಾನು ಅಜ್ಜನ ಜೊತೆ ಕೊಟ್ಟಿಗೆ ಪಕ್ಕಕ್ಕೆ ಹೋದೆ. ಅಲ್ಲಿ ನಾಲ್ಕು ಹಸಿ ಬಿದಿರು ಒರಗಿಸಿದ್ದರು. ಮೊನ್ನೆ ಗುರುವಾರ ಕಡಿದದ್ದಂತೆ. ಅಮಾವಾಸ್ಯೆ ಬರುವ ಬುಧವಾರ. ಹುಣ್ಣಿಮೆ ಕಳೆದು ಚಂದ್ರ ಕರಗುವ ದಿನಗಳಲ್ಲೇ ಕಡಿಯಬೇಕು, ಅದೂ ಮಳೆಗಾಲ ಮುಗಿದ ಮೇಲೆ ಅನ್ನುವುದು ಅವರ ಲೆಕ್ಕ. ನಮ್ಮಲ್ಲೂ ಹೀಗೇ ಹೇಳುತ್ತಾರೆ. ಬಿದಿರಿನೊಳಗಿನ ಗಂಜಿಗೇ ಹುಳ ಬರುವುದು. ಮಳೆಗಾಲ ಕಳೆದು ಒಣ ದಿನ ಬಂದಾಗ ರಸ ಕಡಿಮೆ ಇರುತ್ತದೆ, ಹುಳದ ಕಾಟವೂ ಕಡಿಮೆ.

ವಯಸ್ಸನ್ನೂ ನೋಡಬೇಕು. ಈ ವರ್ಷದ ಮರಿಗೆ ಗೆಣ್ಣಿನ ಹತ್ತಿರ ಹಾಳೆ ಇನ್ನೂ ಅಂಟಿಕೊಂಡಿರುತ್ತದೆ, ಮೈಮೇಲೆ ಬಿಳಿ ಪುಡಿ ಇರುತ್ತದೆ. ಅದು ಬೇಡ, ಒಣಗಿದರೆ ಸುಕ್ಕಾಗುತ್ತದೆ. ತುಂಬ ಹಳೆಯದೂ ಬೇಡ, ಬಗ್ಗುವುದಿಲ್ಲ, ಮನೆ ಕಟ್ಟಲು ಆದೀತು. ಬುಟ್ಟಿಗೆ ನಡುವಿನದು ಬೇಕು. ಅಜ್ಜ ಕತ್ತಿಯ ಹಿಂಬದಿಯಿಂದ ಒಂದೊಂದನ್ನೂ ತಟ್ಟಿ, ಕಿವಿಗೊಟ್ಟು, ಮೂರನೆಯದನ್ನು ತೆಗೆದರು. ನನಗೆ ನಾಲ್ಕೂ ಒಂದೇ ಥರ ಕೇಳಿಸಿತು.

ಕೊಡಗಿನಲ್ಲಿ ಮೇದರು ಬುಟ್ಟಿ ಹೆಣೆಯುವವರು ಮಾತ್ರ ಅಲ್ಲ, ಹಬ್ಬ ಮದುವೆಗಳಲ್ಲಿ ವಾದ್ಯ ಬಾರಿಸುವವರೂ ಹೌದು. ಈ ಅಜ್ಜನೂ ಬಾರಿಸುತ್ತಿದ್ದರಂತೆ, ಈಗ ಭುಜ ನೋವು ಅಂತ ಬಿಟ್ಟಿದ್ದಾರೆ. ಬಿದಿರು ತಟ್ಟಿ ಕೇಳುವ ಕಿವಿ ಎಲ್ಲಿಂದ ಬಂತು ಅಂತ ಆಗ ಗೊತ್ತಾಯಿತು.

ಇನ್ನು ಸೀಳುವುದು. ಇದನ್ನು ನಿಧಾನವಾಗಿ ಬರೆಯಬೇಕು.

ಎರಡು ಮಾರುದ್ದದ ತುಂಡು. ತುದಿಯ ಮೇಲೆ ಕತ್ತಿ ಅಡ್ಡ ಇಟ್ಟು, ಸರಿಯಾಗಿ ನಡುವೆ, ಮರದ ಕೊರಡಿನಿಂದ ಒಂದು ಪೆಟ್ಟು. ಬಾಯಿ ಬಿಟ್ಟಿತು. ಆಮೇಲೆ ಹೊಡೆಯುವುದಿಲ್ಲ, ಕತ್ತಿಯನ್ನು ತಿರುವುತ್ತಾ ಒತ್ತುವುದು. ಬಿರುಕು ತಾನೇ ಓಡುತ್ತದೆ. ಒಂದೊಂದು ಗೆಣ್ಣಿಗೆ ಬಂದಾಗ ನಿಲ್ಲುತ್ತದೆ, ಇನ್ನಷ್ಟು ಒತ್ತಿದರೆ 'ಠಪ್' ಅಂತ ಒಡೆದು ಮುಂದೆ ಹೋಗುತ್ತದೆ. ಎರಡು ಆಯ್ತು. ಎರಡನ್ನು ನಾಲ್ಕು, ನಾಲ್ಕನ್ನು ಎಂಟು, ಎಂಟನ್ನು ಹದಿನಾರು. ಯಾವಾಗಲೂ ಅರ್ಧಕ್ಕೇ ಸೀಳಬೇಕು, ಅಂಚಿನಿಂದ ಸಣ್ಣದೊಂದು ತೆಗೆಯೋಣ ಅಂದರೆ ಆಗುವುದಿಲ್ಲ. ಎರಡೂ ಕಡೆ ಸಮ ಇದ್ದರೆ ಮಾತ್ರ ಬಿರುಕು ನೆಟ್ಟಗೆ ಹೋಗುತ್ತದೆ. ಒಂದು ಕಡೆ ತೆಳುವಾದರೆ ಅದು ತೆಳುವಿನ ಕಡೆಗೇ ವಾಲಿಕೊಂಡು ಹೊರಗೆ ಹೋಗಿಬಿಡುತ್ತದೆ.

ನನ್ನದು ಹಾಗೇ ಆಯಿತು. ಎಂಟನ್ನು ಹದಿನಾರು ಮಾಡುವಾಗ ಎರಡನೇ ಗೆಣ್ಣು ದಾಟಿದ್ದೇ ಸೀಳು ಎಡಕ್ಕೆ ಸರಿಯಿತು. ನಾನು ಕತ್ತಿಯನ್ನು ಬಲಕ್ಕೆ ತಿರುಗಿಸಿದೆ. ಇನ್ನೂ ಜಾಸ್ತಿ ಎಡಕ್ಕೆ ಹೋಯಿತು.

"ಕತ್ತಿ ಬಿಡಿ, ಬಿದಿರು ಹಿಡೀರಿ," ಅಂದರು ಅಜ್ಜ. ನನ್ನ ಕೈಯಿಂದ ತೆಗೆದುಕೊಂಡು, ತೆಳು ಸೀಳನ್ನು ನೆಟ್ಟಗೆ ಹಿಡಿದು, ದಪ್ಪ ಇದ್ದ ಸೀಳನ್ನು ಮೆಲ್ಲಗೆ ಹೊರಕ್ಕೆ ಬಗ್ಗಿಸಿದರು. ಕಣ್ಣೆದುರೇ ಬಿರುಕು ನಡುವಿಗೆ ವಾಪಸು ಬಂತು! ಯಾವ ಕಡೆ ಬಗ್ಗಿಸುತ್ತೇವೋ ಬಿರುಕು ಆ ಕಡೆಗೆ ಬರುತ್ತದೆ. ಅಷ್ಟೇ. ಆ ಅಷ್ಟನ್ನು ಕಲಿಯಲು ನನಗೆ ಬೆಳಿಗ್ಗೆಯೆಲ್ಲಾ ಬೇಕಾಯಿತು. ಐದು ಸೀಳು ಹಾಳು ಮಾಡಿದ ಮೇಲೆ ಆರನೆಯದರಲ್ಲಿ ಬೆರಳಿಗೆ ತಿಳಿಯಿತು. ಬಿರುಕು ಸರಿಯುವ ಮೊದಲೇ ಒಂದು ಕಡೆ ಸಡಿಲ ಅನ್ನಿಸುತ್ತದೆ, ಆಗಲೇ ಬಗ್ಗಿಸಬೇಕು. ಕಣ್ಣಿಗೆ ಕಂಡ ಮೇಲೆ ತಡವಾಗಿರುತ್ತದೆ.

ಆಮೇಲೆ ಹೊರಸಿಪ್ಪೆಯನ್ನೂ ಒಳತಿರುಳನ್ನೂ ಬೇರೆ ಮಾಡಬೇಕು. ಗಟ್ಟಿ ನಾರೆಲ್ಲ ಹೊರಗಿನ ಹಸಿರು ಸಿಪ್ಪೆಯ ಬದಿಗೇ ಇರುವುದು. ತಿರುಳಿನದು ಒಲೆಗೆ. ಎಳೆ ನಯ ಮಾಡುವಾಗ ಅಜ್ಜ ತೊಡೆ ಮೇಲೆ ಗೋಣಿತಾಟು ಹಾಸಿಕೊಂಡರು. ಕತ್ತಿಯನ್ನು ಅದರ ಮೇಲೆ ಒತ್ತಿ ಹಿಡಿದು, ಎಳೆಯನ್ನು ಹಿಂದಿನಿಂದ ಎಳೆದರು. ಕತ್ತಿ ಅಲ್ಲಾಡುವುದಿಲ್ಲ, ಬಿದಿರು ಓಡುತ್ತದೆ. ಸುರುಳಿ ಸುರುಳಿ ಹೆರೆ ಕೆಳಗೆ ಬೀಳುತ್ತದೆ. ಆ ಹಸಿ ವಾಸನೆ ಈಗಲೂ ನನ್ನ ಸೀರೆಯಲ್ಲಿದೆ. ಹೆಬ್ಬೆರಳಿಗೆ ಸಿಬಿರು ಹೊಕ್ಕಿದ್ದು ಇಲ್ಲೇ. ಬಿದಿರಿನ ಸಿಪ್ಪೆಯಲ್ಲಿ ಮರಳಿನಂಥ ಅಂಶ ಇರುತ್ತದೆ, ಅಂಚು ಬ್ಲೇಡಿನ ಹಾಗೆ.

"ಬಿದಿರು ರಕ್ತ ಕೇಳ್ತದೆ," ಅಂದರು ಸೊಸೆ. ನನಗೆ ಮೇದಾರ ಕೇತಯ್ಯ ನೆನಪಾದ. ಹನ್ನೆರಡನೇ ಶತಮಾನದ ಶರಣ, ವಚನಕಾರ. ಮೊರ ಬುಟ್ಟಿ ಹೆಣೆದು ಮಾರಿ, ಬಂದ ದುಡ್ಡಲ್ಲಿ ಜಂಗಮರಿಗೆ ಉಣಬಡಿಸುತ್ತಿದ್ದವನು. ಬಿದಿರು ಕಡಿಯುವಾಗ ಅದೇ ಬಿದಿರು ಮೈಗೆ ನೆಟ್ಟು ಅವನು ಬಿದ್ದ ಅನ್ನುವ ಕಥೆ ಇದೆ. ಇಷ್ಟು ದಿನ ಅದನ್ನು ಪವಾಡದ ಕಥೆಯ ಸಾಲಿಗೆ ಸೇರಿಸಿದ್ದೆ. ಹಿಂಡಿಲಿನಲ್ಲಿ ಒಂದಕ್ಕೊಂದು ಸಿಕ್ಕಿಕೊಂಡು ಬಾಗಿ ನಿಂತ ಬಿದಿರನ್ನು ಕಡಿದರೆ ಅದು ಬಿಲ್ಲಿನ ಹಾಗೆ ಚಿಮ್ಮುತ್ತದೆ ಅಂತ ಅಜ್ಜ ಇವತ್ತು ಹೇಳಿದರು. ಅದು ಈ ಕಸುಬಿನವರ ದಿನದಿನದ ಭಯ.

ಮಧ್ಯಾಹ್ನ ಅಕ್ಕಿ ರೊಟ್ಟಿ, ಜೊತೆಗೆ ಬೈಂಬಳೆ ಉಪ್ಪಿನಕಾಯಿ. ನಮ್ಮ ಕಡೆಯ ಕಳಲೆಗೆ, ಅಂದರೆ ಬಿದಿರಿನ ಎಳೆ ಮೊಳಕೆಗೆ, ಇಲ್ಲಿ ಬೈಂಬಳೆ ಅನ್ನುತ್ತಾರೆ. ಮಳೆಗಾಲದಲ್ಲಿ ತಂದು, ಹೆಚ್ಚಿ, ನೀರು ಬದಲಿಸುತ್ತಾ ದಿನಗಟ್ಟಲೆ ನೆನೆಸಿ ವಿಷ ಕಳೆದು ಮಾಡಿದ್ದು.

ಊಟ ಆದ ಮೇಲೆ ಬಿದಿರು ಎಲ್ಲಿಂದ ತರುತ್ತೀರಿ ಅಂತ ಕೇಳಿದೆ. ಅಜ್ಜ ಸ್ವಲ್ಪ ಹೊತ್ತು ಸುಮ್ಮನಿದ್ದರು. ಸುಮಾರು 2010ರ ಆಚೀಚೆ ನಾಗರಹೊಳೆ ಕಡೆಯ ಬಿದಿರು ಹೂ ಬಿಟ್ಟಿತು. ದೊಡ್ಡ ಬಿದಿರು ನಲವತ್ತೈವತ್ತು ವರ್ಷಕ್ಕೊಮ್ಮೆ ಒಟ್ಟಿಗೆ ಹೂ ಬಿಟ್ಟು, ಬಿದಿರಕ್ಕಿ ಉದುರಿಸಿ, ಒಟ್ಟಿಗೆ ಸಾಯುತ್ತದೆ. ಬೀಜದಿಂದ ಮತ್ತೆ ಹುಟ್ಟುತ್ತದೆ, ಆದರೆ ಬುಟ್ಟಿಗಾಗುವಷ್ಟು ಬೆಳೆಯಲು ವರ್ಷಗಳೇ ಬೇಕು. ಆಗ ಅವರ ಮನೆಯಲ್ಲಿ ಕತ್ತಿ ಸುಮ್ಮನೆ ಮೂಲೆಯಲ್ಲಿತ್ತಂತೆ. ಅಷ್ಟರಲ್ಲಿ ತೋಟಗಳಿಗೆಲ್ಲ ಪ್ಲಾಸ್ಟಿಕ್ ಬುಟ್ಟಿ ಬಂತು. ಬಿದಿರು ಮತ್ತೆ ಚಿಗುರಿತು, ಕೊಳ್ಳುವವರು ಅಷ್ಟು ಜನ ತಿರುಗಿ ಬರಲಿಲ್ಲ. ಮಗ ಈಗ ಗೋಣಿಕೊಪ್ಪದಲ್ಲಿ ಆಟೋ ಓಡಿಸುತ್ತಾನೆ.

1927ರ ಅರಣ್ಯ ಕಾಯ್ದೆಯಲ್ಲಿ ಬಿದಿರನ್ನು 'ಮರ' ಅಂತ ಬರೆದಿದ್ದರು. ಹುಲ್ಲಿನ ಜಾತಿಯ ಗಿಡ ಅದು! ಕಾಡಿನಾಚೆ ಬೆಳೆದ ಬಿದಿರನ್ನು ಆ ಪಟ್ಟಿಯಿಂದ ತೆಗೆಯಲು ಕೇಂದ್ರಕ್ಕೆ 2017ರವರೆಗೆ ಬೇಕಾಯಿತು. ಬಿದಿರನ್ನೇ ನಂಬಿ ಬದುಕಿದವರಿಗೆ ಇದು ತೊಂಬತ್ತು ವರ್ಷದ ತಡ. ನನಗೆ ನಿಜಕ್ಕೂ ಸಿಟ್ಟು ಬಂತು. ಈಗ ಅಜ್ಜ ಪರಿಚಯದ ತೋಟದವರಿಂದ ದುಡ್ಡು ಕೊಟ್ಟು ತರುತ್ತಾರೆ.

ಹೆಣೆಯಲು ಕೂತಾಗ ಮೂರು ಗಂಟೆ. ಎಂಟು ಎಳೆ ಉದ್ದಕ್ಕೆ, ಎಂಟು ಅಡ್ಡಕ್ಕೆ ಹಾಕಿ ತಳ ಮಾಡಿದೆವು. ಹದಿನಾರು ಎಳೆಯ ಎರಡೆರಡು ತುದಿ ಸೇರಿ ಮೂವತ್ತೆರಡು ಕಡ್ಡಿ ಹೊರಗೆ ಚಾಚಿಕೊಂಡವು. ಇಲ್ಲಿ ಅಜ್ಜ ಒಂದು ಕಡ್ಡಿಯನ್ನು ಹಿಡಿದು ಬುಡದವರೆಗೆ ಎರಡಾಗಿ ಸೀಳಿದರು. ಮೂವತ್ತಮೂರು.

"ಯಾಕಜ್ಜ?"

"ಸೀಳದೆ ಒಂದು ಸುತ್ತು ಹಾಕಿ ನೋಡಿ."

ಹಾಕಿ ನೋಡಿದೆ. ಒಂದು ಕಡ್ಡಿಯ ಮೇಲೆ, ಒಂದರ ಕೆಳಗೆ, ಹೀಗೇ ಸುತ್ತಿ ಬಂದರೆ ಎರಡನೇ ಸುತ್ತಿನಲ್ಲೂ ಎಳೆ ಅದೇ ಕಡ್ಡಿಯ ಮೇಲೇ ಬರುತ್ತದೆ. ಹೆಣಿಗೆಯೇ ಆಗುವುದಿಲ್ಲ, ಎಳೆದರೆ ಬಿಚ್ಚಿಕೊಳ್ಳುತ್ತದೆ. ಬೆಸ ಸಂಖ್ಯೆಯಾದರೆ ಪ್ರತಿ ಸುತ್ತಿಗೂ ಮೇಲಿದ್ದದ್ದು ಕೆಳಗಾಗುತ್ತದೆ. ನಮ್ಮಮ್ಮನ ಹೆಡಿಗೆಯ ತಳದಲ್ಲಿ ಒಂದು ಕಡ್ಡಿ ಸಣ್ಣದಾಗಿ ಸೀಳಿರುವುದನ್ನು ಚಿಕ್ಕವಳಿದ್ದಾಗ ನೋಡಿ, ಒಡೆದಿದೆ ಅಂದುಕೊಂಡಿದ್ದೆ. ಆ ಒಂದು ಸೀಳಿನ ಮೇಲೇ ಇಡೀ ಹೆಡಿಗೆ ನಿಂತಿತ್ತು.

ಆಮೇಲೆ ಕೆಲಸ ಸರಾಗ. ಕಡ್ಡಿಗೆ ನೀರು ಹಚ್ಚಿ ಮೇಲಕ್ಕೆ ಬಗ್ಗಿಸುವುದು, ಸುತ್ತು ಹಾಕುವುದು, ಪ್ರತಿ ಸುತ್ತನ್ನೂ ಕತ್ತಿಯ ಹಿಂಬದಿಯಿಂದ ತಟ್ಟಿ ಕೂರಿಸುವುದು. ಎರಡು ಎಳೆಯ ಗೆಣ್ಣು ಅಕ್ಕಪಕ್ಕ ಬಾರದ ಹಾಗೆ ನೋಡಿಕೊಂಡರೆ ಸಾಕು. ಬಾಯಿ ಕಟ್ಟುವುದನ್ನು ಮಾತ್ರ ಅಜ್ಜ ನನ್ನ ಕೈಗೆ ಕೊಡಲಿಲ್ಲ. ಒಳಗೊಂದು ಹೊರಗೊಂದು ದಬ್ಬೆಯ ಬಳೆ ಇಟ್ಟು, ಬೆತ್ತದಲ್ಲಿ ಬಿಗಿದರು. ಮುಗಿದ ಮೇಲೆ ಬುಟ್ಟಿಯನ್ನು ಬೋರಲು ಹಾಕಿ ಬೆರಳಲ್ಲಿ ಬಾರಿಸಿ ನೋಡಿದರು. ಒಂದು ಕಡೆ ಸದ್ದು ಮೆತ್ತಗಿತ್ತು. ಅಲ್ಲಿ ನನ್ನ ತೆಳು ಎಳೆಗಳಿದ್ದವು.

"ಇಲ್ಲಿ ಮೊದಲು ಹೋಗ್ತದೆ ಮಗ. ಭಾರ ಹಾಕಬೇಡ," ಅಂದರು. ಬೆಳಿಗ್ಗೆ 'ಅಮ್ಮ', 'ನೀವು' ಅನ್ನುತ್ತಿದ್ದವರು ಸಂಜೆಗೆ 'ಮಗ' ಅಂದರು. ನನಗೆ ತುಂಬ ಸಂತೋಷವಾಯಿತು.

ರಾತ್ರಿ ಅಮ್ಮನಿಗೆ ಫೋನ್ ಮಾಡಿ ಎಲ್ಲಾ ಹೇಳಿದೆ. ಬೆರಳಿನ ವಿಷಯ ಕೇಳಲೇ ಇಲ್ಲ. "ಬಾಯಿಗೆ ಬೆತ್ತ ಕಟ್ಟಿದಾರಾ, ತಂತಿಯಾ?" ಅಂತ ಕೇಳಿದರು. ಬೆತ್ತ ಅಂದೆ. "ಹಾಗಾದ್ರೆ ಒಲೆ ಮೇಲೆ ಕಟ್ಟಿ ಹೊಗೆ ಕೊಡು, ಹುಳ ಬರಲ್ಲ" ಅಂದರು.

ನಾಳೆ ಬೆಳಿಗ್ಗೆ ಏಳಕ್ಕೆ ಅಜ್ಜನ ಮನೆಗೇ ಬರಲು ಹೇಳಿದ್ದಾರೆ. ಉಳಿದ ಮೂರು ಬಿದಿರು ಒಣಗುವ ಮೊದಲು ಸೀಳಬೇಕಂತೆ.