ಕ್ಲಬ್ಬಿನ ಲೆಕ್ಕದ ಪುಸ್ತಕ ಮತ್ತು ನನ್ನ 35 ರೂಪಾಯಿ

ಎಂಟನೇ ಕ್ಲಾಸಿನಲ್ಲಿ, ಕೊಡಗಿನ ನಮ್ಮ ಊರಿನ ಫುಟ್ಬಾಲ್ ಕ್ಲಬ್ಬಿನಲ್ಲಿ ನನ್ನನ್ನು ಗೋಲ್ ಕಾಯಲು ನಿಲ್ಲಿಸಿದ್ದರು. ಮೊದಲ ಹತ್ತು ನಿಮಿಷಕ್ಕೇ ನಾಲ್ಕು ಗೋಲು ಬಿಟ್ಟೆ. ಕ್ಲಬ್ಬು ನೋಡಿಕೊಳ್ಳುತ್ತಿದ್ದ ಸೈಕಲ್ ಶಾಪಿನ ಇಕ್ಕ (ಇಕ್ಕ ಅಂದರೆ ಮಲಯಾಳದಲ್ಲಿ ಅಣ್ಣ) ನಡುವೆಯೇ ಆಟ ನಿಲ್ಲಿಸಿ ಹತ್ತಿರ ಬಂದು, "ನಿನ್ನ ಅಕ್ಷರ ದುಂಡಗಿದೆಯಂತಲ್ಲ, ನಾಳೆಯಿಂದ ಲೆಕ್ಕ ಬರಿ" ಅಂದರು. ಅಲ್ಲಿಗೆ ನನ್ನ ಆಟ ಮುಗಿಯಿತು. ಎಸ್ಸೆಸ್ಸೆಲ್ಸಿ ಮುಗಿಸಿ ಊರು ಬಿಡುವವರೆಗೂ ನಾನು ಕ್ಲಬ್ಬಿನ ಲೆಕ್ಕದ ಹುಡುಗ.

ಕ್ಲಬ್ಬಿಗೆ ಒಂದು ಉದ್ದದ ಹೆಸರಿತ್ತು, ಬೋರ್ಡೂ ಇತ್ತು. ಆದರೆ ಊರಿನಲ್ಲಿ ಯಾರೂ ಆ ಹೆಸರು ಹೇಳಿದ್ದು ನಾನು ಕೇಳಿಲ್ಲ. ಕ್ಲಬ್ಬು ಅಂದರೆ ಇದೇ. ಕಾಫಿ ತೋಟಕ್ಕೆ ಕೆಲಸಕ್ಕೆ ಅಂತ, ಅಂಗಡಿ ಇಡಲು ಅಂತ ಮಲಬಾರಿನಿಂದ ಗಾಡಿ ಹತ್ತಿ ಬಂದವರು ತಮ್ಮ ಜೊತೆ ಸೆವೆನ್ಸ್ ಆಟವನ್ನೂ, ಅಂದರೆ ಒಂದು ಕಡೆಗೆ ಏಳೇ ಜನ ಆಡುವ ಫುಟ್ಬಾಲನ್ನೂ, ತಂದರು ಅನ್ನುವುದು ಹಿರಿಯರ ಮಾತು. ನಮ್ಮ ಕಡೆ ಅದಕ್ಕೆ ಸರಿಯಾದ ಕಾರಣವೂ ಇದೆ. ಗುಡ್ಡ ಕಡಿದು ಮಾಡಿದ ನಮ್ಮ ಶಾಲೆಯ ಮೈದಾನದಲ್ಲಿ ಎರಡೂ ಕಡೆ ಸೇರಿ ಹದಿನಾಲ್ಕು ಜನ ನಿಂತರೆ ಅದೇ ಜಾಸ್ತಿ. ಇಪ್ಪತ್ತೆರಡು ಜನ ನಿಂತರೆ ನಾಲ್ಕು ಜನ ತೋಟದೊಳಗೆ ನಿಲ್ಲಬೇಕಿತ್ತು.

ಸೆವೆನ್ಸ್‌ನಲ್ಲಿ ಆಫ್‌ಸೈಡ್ ಇಲ್ಲ, ಅಂದರೆ ಚೆಂಡು ಬರುವ ಮೊದಲೇ ಎದುರಾಳಿ ಆಟಗಾರರನ್ನು ದಾಟಿ ಗೋಲಿನ ಹತ್ತಿರ ನಿಲ್ಲಬಾರದು ಅನ್ನುವ ನಿಯಮ ಇಲ್ಲ. ಇದು ಗೊತ್ತಿಲ್ಲದವರಿಗೆ ಸಣ್ಣ ವಿಷಯ. ನಮ್ಮ ಹುಡುಗರು ಎದುರಾಳಿಯ ಗೋಲಿನ ಮುಂದೆಯೇ ಹೋಗಿ ನಿಂತು, ಚೆಂಡು ಬರಲಿ ಅಂತ ಕಾಯುತ್ತಾ ಬೆಳೆದವರು. ಶಾಲೆಯಿಂದ ತಾಲೂಕು ಮಟ್ಟದ ಹನ್ನೊಂದು ಜನರ ಪಂದ್ಯಕ್ಕೆ ಹೋದಾಗ ಲೈನ್ಸ್‌ಮನ್ ಬಾವುಟ ಎತ್ತಿದ್ದೇ ಎತ್ತಿದ್ದು. ಒಂದು ಪಂದ್ಯದಲ್ಲಿ ಮೂರು ಗೋಲು ಹೊಡೆದು ಮೂರನ್ನೂ ಕಳೆದುಕೊಂಡೆವು. ಪಿಟಿ ಮೇಷ್ಟ್ರು ವಾಪಸ್ ಬರುವಾಗ ಜೀಪಿನಲ್ಲಿ ಒಂದು ಮಾತೂ ಆಡಲಿಲ್ಲ.

ಗೋಲ್ ಕಂಬಕ್ಕೆ ಮಾತ್ರ ನಮಗೆ ಬರ ಇರಲಿಲ್ಲ. ಕೊಡಗಿನ ತೋಟದಲ್ಲಿ ಸಿಲ್ವರ್ ಮರಕ್ಕೆ ಏನು ಕಮ್ಮಿ, ನೆಟ್ಟಗೆ ಕೋಲು ಹೊಡೆದ ಹಾಗೆ ಬೆಳೆಯುತ್ತದೆ. ನಿಯಮದ ಪ್ರಕಾರ ಗೋಲು 24 ಅಡಿ ಅಗಲ, 8 ಅಡಿ ಎತ್ತರ. ಮೈದಾನ ಚಿಕ್ಕದಾದರೂ ಗೋಲು ಪೂರ್ತಿ ಅಳತೆಯದ್ದೇ ಬೇಕು ಅಂತ ಇಕ್ಕನ ಹಟ. (ನಾನು ನಾಲ್ಕು ಗೋಲು ಬಿಟ್ಟಿದ್ದಕ್ಕೆ ಇದೂ ಒಂದು ಕಾರಣ ಅಂತ ಈಗಲೂ ವಾದ ಮಾಡುತ್ತೇನೆ.) ನೆಟ್ ಇರಲಿಲ್ಲ. ಹಾಗಾಗಿ ಚೆಂಡು ಒಳಗೆ ಹೋಯಿತಾ, ಪಕ್ಕದಲ್ಲಿ ಹೋಯಿತಾ ಅಂತ ಜಗಳ ಮುಗಿಯುವ ಹೊತ್ತಿಗೆ ಕತ್ತಲೆ. ಮಳೆಗಾಲದಲ್ಲಿ ಚೆಂಡು ತೋಟಕ್ಕೆ ಇಳಿದರೆ ತರಲು ಹೋದವನು ಎರಡೂ ಕಾಲಿನ ತುಂಬ ಜಿಗಣೆ ಹತ್ತಿಸಿಕೊಂಡು ಬರುತ್ತಿದ್ದ.

ಕೊಡಗು ಅಂದರೆ ಹಾಕಿ, ಅದು ಎಲ್ಲರಿಗೂ ಗೊತ್ತು. ನಾವು ಹೈಸ್ಕೂಲಿನಲ್ಲಿದ್ದಾಗಲೇ, 1997ರಲ್ಲಿ, ಪಾಂಡಂಡ ಕುಟ್ಟಪ್ಪನವರು ಕರಡ ಗ್ರಾಮದಲ್ಲಿ ಕೊಡವ ಕುಟುಂಬಗಳ ಹಾಕಿ ಹಬ್ಬ ಶುರು ಮಾಡಿದರು. ಮೊದಲ ವರ್ಷವೇ 60 ಕುಟುಂಬ ಆಡಿದವು. ನಮ್ಮ ಕ್ಲಾಸಿನ ಕೊಡವ ಹುಡುಗರು ಅಲ್ಲಿಂದ ಬಂದು ತಿಂಗಳುಗಟ್ಟಲೆ ಅದೇ ಮಾತು. ನಮಗೆ ಸ್ವಲ್ಪ ಹೊಟ್ಟೆಕಿಚ್ಚು. ಆಗ ಪಿಟಿ ಮೇಷ್ಟ್ರು ಸಮಾಧಾನಕ್ಕೆ ಒಂದು ಕಥೆ ಹೇಳುತ್ತಿದ್ದರು. 1973ರ ಹಾಕಿ ವಿಶ್ವಕಪ್‌ನಲ್ಲಿ ಭಾರತಕ್ಕೆ ಬೆಳ್ಳಿ ಬಂದಾಗ ನಾಯಕರಾಗಿದ್ದ ಎಂ.ಪಿ. ಗಣೇಶ್ ನಮ್ಮ ಕೊಡಗಿನವರು, ಹಾಕಿ ಸ್ಟಿಕ್ ಹಿಡಿಯುವ ಮೊದಲು ಅವರು ಆಡುತ್ತಿದ್ದದ್ದು ಫುಟ್ಬಾಲ್. ಮೇಷ್ಟ್ರು ಈ ಕಥೆಯನ್ನು ವರ್ಷಕ್ಕೆ ಹತ್ತು ಸಲವಾದರೂ ಹೇಳಿದ್ದಾರೆ. ಹಾಕಿಗೆ ಸ್ಟಿಕ್ ಬೇಕು, ಒಬ್ಬೊಬ್ಬನಿಗೂ ಬೇಕು. ಲೈನ್ ಮನೆಯ, ಅಂದರೆ ತೋಟದ ಕೂಲಿಯವರ ಸಾಲು ಮನೆಯ ಹುಡುಗರಿಗೆ ಅದೆಲ್ಲಿಂದ ಬರಬೇಕು? ಫುಟ್ಬಾಲಿಗೆ ಊರಿಗೆಲ್ಲ ಒಂದೇ ಚೆಂಡು ಸಾಕು. ಹಾಗಾಗಿ ಕ್ಲಬ್ಬಿನಲ್ಲಿ ತೋಟದ ರೈಟರ (ಗುಮಾಸ್ತರ) ಮಗ, ತೋಟದ ಕೂಲಿಯವರ ಮಗ, ಬಾಣೆ ಜಮೀನಿರುವವರ ಮಗ, ಮೀನು ಮಾರುವವರ ಮಗ ಎಲ್ಲ ಒಂದೇ ಕಡೆ ಇದ್ದರು. ಕೊಡವ ತಕ್ಕ್, ಅರೆಭಾಷೆ, ತುಳು, ತಮಿಳು, ಮಲಯಾಳ ಎಲ್ಲ ಒಟ್ಟಿಗೆ ಕೇಳಿಸುತ್ತಿತ್ತು. ಹೊಡಿ ಅನ್ನಲು ಮಲಯಾಳದಲ್ಲೂ 'ಅಡಿ', ತಮಿಳಿನಲ್ಲೂ 'ಅಡಿ'. ಬರಬರುತ್ತಾ ಎಲ್ಲರೂ ಅಡಿ ಅಡಿ ಅಂತಲೇ ಕಿರುಚತೊಡಗಿದರು. ಕನ್ನಡ ಮೇಷ್ಟ್ರಿಗೆ ಮಾತ್ರ ಇದು ಕೊನೆಯವರೆಗೂ ಹಿಡಿಸಲಿಲ್ಲ.

ಪುಸ್ತಕದ ವಿಷಯಕ್ಕೆ ಬರುತ್ತೇನೆ. ಕೆಂಪು ರಟ್ಟಿನ ಉದ್ದನೆಯ ಪುಸ್ತಕ. ಶಾಲೆಯ ಆಟದ ಸಾಮಾನಿನ ಕೋಣೆಯ ಬೀರುವಿನಲ್ಲೇ ಇರುತ್ತಿತ್ತು, ಯಾಕೆಂದರೆ ಕ್ಲಬ್ಬಿಗೆ ಬೇರೆ ಕೋಣೆ ಇರಲಿಲ್ಲ. ಮೈದಾನ ಶಾಲೆಯದ್ದು, ಮಳೆಗಾಲ ಮುಗಿದ ಮೇಲೆ ಮೊಣಕಾಲೆತ್ತರ ಬೆಳೆದ ಹುಲ್ಲು ಕಡಿಯುವ ಕತ್ತಿ ಕ್ಲಬ್ಬಿನದ್ದು. ಮೊದಲ ಪುಟಗಳನ್ನು ಗೆದ್ದಲು ತಿಂದಿತ್ತು. ಉಳಿದ ಪುಟಗಳಲ್ಲಿ ನಾನು ನಿರೀಕ್ಷಿಸಿದ್ದೆಲ್ಲ ಇತ್ತು. ಚೆಂಡಿನ ಬ್ಲಾಡರ್, ಪಂಕ್ಚರ್ ಸೊಲ್ಯೂಷನ್, ಗೆರೆ ಹಾಕಲು ಸುಣ್ಣ, ನಿಂಬೆಹಣ್ಣು, ಗ್ಲೂಕೋಸು, ಸುಂಟಿಕೊಪ್ಪದ ಗೋಲ್ಡ್ ಕಪ್ ಫುಟ್ಬಾಲ್ ನೋಡಲು ಹೋದ ಜೀಪಿನ ಬಾಡಿಗೆ.

ಆದರೆ ಚೆಂಡಿಗೆ ಸಂಬಂಧವೇ ಇಲ್ಲದ ಖರ್ಚುಗಳೂ ಅದೇ ಸಾಲಿನಲ್ಲಿ ಇದ್ದವು. ಲೈನ್ ಮನೆಯಲ್ಲಿ ತೀರಿಕೊಂಡವರೊಬ್ಬರನ್ನು ಅವರ ಊರಿಗೆ ಕಳಿಸಿದ ಗಾಡಿ ಬಾಡಿಗೆ. ರಕ್ತ ಕೊಡಲು ಆರು ಹುಡುಗರು ಮಡಿಕೇರಿಗೆ ಹೋಗಿ ಬಂದ ಬಸ್ ಚಾರ್ಜು. ಒಬ್ಬಳು ಹುಡುಗಿಯ ಪರೀಕ್ಷೆ ಫೀಸು, ಹೆಸರು ಬರೆದಿಲ್ಲ, 'ಒಂಬತ್ತನೇ ನಂಬರಿನವನ ತಂಗಿ' ಅಂತ ಮಾತ್ರ. ನಾನು ಇಕ್ಕನನ್ನು ಕೇಳಿದೆ, ಇದನ್ನು ಯಾವ ತಲೆಬರಹದಲ್ಲಿ ಹಾಕೋದು ಅಂತ. "ಸುಣ್ಣದ ಕೆಳಗೆ ಬರಿ" ಅಂದರು. ಹಾಗೇ ಬರೆದೆ. ನಮ್ಮ ಕ್ಲಬ್ಬು ಒಂದು ವರ್ಷ ಸುಣ್ಣಕ್ಕೆ ಮಾಡಿದ ಖರ್ಚಿನಲ್ಲಿ ಇಡೀ ಊರಿನ ಗೋಡೆಗೆ ಬಳಿಯಬಹುದಿತ್ತು.

ಒಂದು ಖರ್ಚಿಗೆ ಮಾತ್ರ ಇಕ್ಕ ಒಪ್ಪುತ್ತಿರಲಿಲ್ಲ. ಆಟ ನೋಡಲು, ಚಹಾ ಕುಡಿಯಲು ಕ್ಲಬ್ಬಿನ ದುಡ್ಡು ಮುಟ್ಟಬಾರದು. ಗೋಲ್ಡ್ ಕಪ್ಪಿಗೆ ಹೋಗುವುದು ಕಲಿಯಲು, ಅದು ಬೇರೆ ಅಂತೆ. ಈಗ 1998ರ ಫುಟ್ಬಾಲ್ ವಿಶ್ವಕಪ್ ಫೈನಲ್, ಬ್ರೆಜಿಲ್‌ಗೂ ಫ್ರಾನ್ಸ್‌ಗೂ. ಜುಲೈ 12ರ ರಾತ್ರಿ, ನಮಗೆ ಹನ್ನೆರಡೂವರೆಗೆ ಪಂದ್ಯ ಶುರು. ಕೊಡಗಿನ ಜುಲೈ ತಿಂಗಳ ಮಳೆ. ಕರೆಂಟ್ ಹೋಗಿ ಮೂರು ದಿನವಾಗಿತ್ತು. ಒಬ್ಬರ ಮನೆಯ ಸಣ್ಣ ಕಪ್ಪುಬಿಳುಪು ಟಿವಿಯನ್ನು ಬ್ಯಾಟರಿಗೆ ಹಾಕಿ ನೋಡುವುದು ಅಂತಾಯಿತು. ಬ್ಯಾಟರಿ ಚಾರ್ಜ್ ಮಾಡಿಸಲು ಜನರೇಟರ್ ಇರುವ ಕಡೆ ಒಯ್ಯಬೇಕು. ದುಡ್ಡು ಯಾರ ಹತ್ತಿರವೂ ಇಲ್ಲ. ನನ್ನ ಹತ್ತಿರ ಇತ್ತು, ಚಂದಾ ದುಡ್ಡು.

ಚಾರ್ಜಿಂಗ್, ಆಟೋ, ಒಂದು ಸುತ್ತು ಚಹಾ. ಒಟ್ಟು 35 ರೂಪಾಯಿ. ಊರಿಗೆ ಊರೇ ಬ್ರೆಜಿಲ್ ಕಡೆ. ಅರ್ಧ ಆಟ ಮುಗಿಯುವುದರೊಳಗೆ ಫ್ರಾನ್ಸಿನ ಜಿದಾನ್ ತಲೆಯಿಂದಲೇ ಎರಡು ಗೋಲು ಹೊಡೆದಿದ್ದ. ಆಮೇಲೆ ಬ್ಯಾಟರಿ ಇಳಿಯಿತು, ಚಿತ್ರ ನಾಲ್ಕೂ ಕಡೆಯಿಂದ ಸಣ್ಣದಾಗುತ್ತಾ ಬಂದು ಒಂದು ಚುಕ್ಕೆಯಾಗಿ ಆರಿಹೋಯಿತು. ಫ್ರಾನ್ಸ್ ಮೂರನೆಯದ್ದನ್ನೂ ಹೊಡೆದಿದೆ ಅಂತ ಮಾರನೇ ದಿನ ಗೊತ್ತಾಯಿತು. ಪುಸ್ತಕದಲ್ಲಿ ಆ 35ನ್ನು ನಾನು ಎಲ್ಲೂ ಬರೆಯಲಿಲ್ಲ. ಸುಣ್ಣದ ಕೆಳಗೆ ಬರೆಯಲೂ ಕೈ ಬರಲಿಲ್ಲ. ವರ್ಷದ ಕೊನೆಗೆ 'ವ್ಯತ್ಯಾಸ 35' ಅಂತ ಹಾಕಿ ಪುಸ್ತಕ ಮುಚ್ಚಿದೆ.

2018ರ ಆಗಸ್ಟ್‌ನಲ್ಲಿ ನಾನು ಮೈಸೂರಿನಲ್ಲಿದ್ದೆ. ಕೊಡಗಿನ ಮಕ್ಕಂದೂರು, ಹಟ್ಟಿಹೊಳೆ, ಮುಕ್ಕೋಡ್ಲು ಕಡೆ ಗುಡ್ಡಗಳು ಜರಿದು, ರಸ್ತೆಗಳೇ ಕಾಣೆಯಾಗಿ, ಜನ ಬೆಟ್ಟದಲ್ಲಿ ಸಿಕ್ಕಿಕೊಂಡಿದ್ದ ದಿನಗಳು. ಫೋನ್ ಸಿಗುತ್ತಿರಲಿಲ್ಲ. ಸಿಕ್ಕಿದಾಗ ಗೆಳೆಯ ಹೇಳಿದ್ದು ಒಂದೇ ಮಾತು, "ಹುಡುಗರು ಬೂಟ್ ಹಾಕಿಕೊಂಡು ಹೋಗಿದ್ದಾರೆ." ನನಗೆ ಮೊದಲು ಅರ್ಥವಾಗಲಿಲ್ಲ. ಫುಟ್ಬಾಲ್ ಬೂಟು. ಆ ಕೆಸರಿನಲ್ಲಿ ಚಪ್ಪಲಿ ನಿಲ್ಲುವುದಿಲ್ಲ, ಗಂಬೂಟು ಹೂತುಹೋಗುತ್ತದೆ, ಅಡಿಯಲ್ಲಿ ಮೊಳೆಯಂಥ ಸ್ಟಡ್ ಇರುವ ಬೂಟು ಮಾತ್ರ ಕಚ್ಚಿ ಹಿಡಿಯುತ್ತದೆ ಅಂತ ಅವರಿಗೆ ಅಷ್ಟು ವರ್ಷ ಮಳೆಯಲ್ಲಿ ಆಡಿ ಗೊತ್ತಿತ್ತು. ವಯಸ್ಸಾದವರನ್ನು ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂರಿಸಿ, ಕುರ್ಚಿಗೆ ಬಿದಿರು ಕಟ್ಟಿ, ನಾಲ್ಕು ನಾಲ್ಕು ಜನ ಹೊತ್ತು ಇಳಿಸಿದರಂತೆ. ಶಾಲೆಯ ಕೋಣೆಗಳಲ್ಲಿ ಜನ ಉಳಿದುಕೊಂಡರು, ಆಟದ ಸಾಮಾನಿನ ಕೋಣೆಯಲ್ಲಿ ಅಕ್ಕಿ ಮೂಟೆ.

ಹೋದ ಡಿಸೆಂಬರಿನಲ್ಲಿ ಊರಿಗೆ ಹೋಗಿದ್ದೆ. ಮೈದಾನದ ಒಂದು ಬದಿಯಲ್ಲಿ ಯಾರದ್ದೋ ಕಾಫಿ ಒಣಗಲು ಹಾಕಿದ್ದರು, ಇನ್ನೊಂದು ಬದಿಯಲ್ಲಿ ಆಟ. ಈಗ ಹುಡುಗಿಯರೂ ಆಡುತ್ತಾರೆ, ನೆಟ್ಟೂ ಬಂದಿದೆ. ಇಕ್ಕ ಈಗಿಲ್ಲ. ಲೆಕ್ಕ ಬರೆಯುವವಳು ಒಂಬತ್ತನೇ ಕ್ಲಾಸಿನ ಹುಡುಗಿ. ಪುಸ್ತಕ ಕೇಳಿದೆ. ಹಳೆಯದು ತುಂಬಿ ಎರಡನೆಯದ್ದೂ ಮುಕ್ಕಾಲು ಆಗಿತ್ತು. 2018ರ ಪುಟದಲ್ಲಿ ಹಗ್ಗ, ಟಾರ್ಚಿನ ಸೆಲ್ಲು, ಬನ್ನು, ಮಕ್ಕಳ ಸ್ವೆಟರು. ಮೇಲೆ ತಲೆಬರಹ ನೋಡಿದೆ. ಸುಣ್ಣ.

ಪ್ರತಿ ವರ್ಷದ ಕೊನೆಯ ಸಾಲಿನಲ್ಲಿ 'ಹಿಂದಿನ ವ್ಯತ್ಯಾಸ 35' ಅಂತ ಇತ್ತು. ಒಬ್ಬರ ಅಕ್ಷರದಿಂದ ಇನ್ನೊಬ್ಬರ ಅಕ್ಷರಕ್ಕೆ ಅದು ಹಾಗೇ ದಾಟಿಕೊಂಡು ಬಂದಿತ್ತು, ಯಾರೂ ಹೊಡೆದುಹಾಕಿರಲಿಲ್ಲ. ಅದೇನು ಅಂತ ಹುಡುಗಿಯನ್ನು ಕೇಳಿದರೆ, "ಗೊತ್ತಿಲ್ಲ ಅಂಕಲ್, ಮುಂಚಿನಿಂದಲೂ ಇದೆ, ಬರೀಬೇಕು ಅಂದಿದ್ದಾರೆ" ಅಂದಳು. ನಾನು ಜೇಬಿನಿಂದ 35 ರೂಪಾಯಿ ತೆಗೆದು ಕೊಟ್ಟು ಕಥೆ ಹೇಳಿದೆ. ಅವಳು ಎಣಿಸಿ, ಬರೆದು, ನನ್ನ ಸಹಿಯನ್ನೂ ತೆಗೆದುಕೊಂಡಳು.

ಬಡ್ಡಿ ಬೇಡವಾ ಅಂತ ಸುಮ್ನೆ ತಮಾಷೆಗೆ ಕೇಳಿದೆ. "ಬಡ್ಡಿಗೆ ಒಂದು ಚೆಂಡು ಕೊಡಿಸಿ," ಅಂದಳು. "ಐದನೇ ನಂಬರಿನದ್ದೇ ತನ್ನಿ. ಹೋದ ಸಲ ಯಾರೋ ದೊಡ್ಡವರು ಚಿಕ್ಕ ಮಕ್ಕಳ ನಾಲ್ಕನೇ ನಂಬರಿನದ್ದು ಕೊಟ್ಟು ಫೋಟೋ ತೆಗೆಸಿಕೊಂಡು ಹೋದರು."